ಪಕ್ಕದವರ ಮೇಲೆ ಒರಗುವ ಭಾರ

ಒಂದು ಕೆ.ಜಿ. ಅಕ್ಕಿಯನ್ನು ತಕ್ಕಡಿಯ ಮೇಲೆ ಸುರಿದು, ತಕ್ಕಡಿ ನೂರೈವತ್ತು ಗ್ರಾಂ ದಾಟದಂತೆ ಮಾಡಬಹುದು. ಇದರಲ್ಲಿ ಕೈಚಳಕವಿಲ್ಲ, ತಕ್ಕಡಿಯೂ ಕೆಟ್ಟಿರುವುದಿಲ್ಲ. ಶಿವಮೊಗ್ಗದ ಯಾವ ಹಾರ್ಡ್‌ವೇರ್ ಅಂಗಡಿಗೆ ಹೋದರೂ ಎರಡಿಂಚಿನ ಪಿವಿಸಿ ಪೈಪನ್ನು ಮೂರಡಿಗೆ ಕತ್ತರಿಸಿ ಕೊಡುತ್ತಾರೆ. ಅದನ್ನು ಅಡುಗೆಮನೆಯ ಎಲೆಕ್ಟ್ರಾನಿಕ್ ತಕ್ಕಡಿಯ ಮೇಲೆ ನೆಟ್ಟಗೆ ಹಿಡಿಯಬೇಕು. ತಟ್ಟೆಗೆ ಮಾತ್ರ ತಾಗಿಸಬಾರದು. ಕಾಳು ನುಸುಳದಷ್ಟು, ಒಂದು ಮಿಲಿಮೀಟರಿನ ಸಂದು ಇರಲಿ. ಮನೆಯಲ್ಲಿ ಇನ್ನೊಬ್ಬರು ಮೇಲಿನಿಂದ ಅಕ್ಕಿ ಸುರಿಯಲಿ. ಮೊದಲ ಹಿಡಿ ಬಿದ್ದಾಗ ಅಂಕಿ ಸರಸರನೆ ಏರುತ್ತದೆ. ಎರಡನೆಯ ಹಿಡಿಗೆ ಅಷ್ಟು ಉತ್ಸಾಹವಿರುವುದಿಲ್ಲ. ಪೈಪಿನಲ್ಲಿ ಒಂದು ಗೇಣು ತುಂಬುವ ಹೊತ್ತಿಗೆ ತಕ್ಕಡಿ ಹೆಚ್ಚುಕಡಿಮೆ ನಿಂತೇ ಬಿಡುತ್ತದೆ. ಆಮೇಲೆ ಎಷ್ಟು ಸುರಿದರೂ ಲೆಕ್ಕದ ಪ್ರಕಾರ ನೂರು, ನೂರೈವತ್ತು ಗ್ರಾಮಿನ ಆಸುಪಾಸು. ಉಳಿದ ಅಕ್ಕಿಯ ಭಾರ ಎಲ್ಲಿ ಹೋಯಿತು ಎಂದು ಪೈಪ್ ಹಿಡಿದವರನ್ನೇ ಕೇಳಬೇಕು. ಅದು ಅವರ ಕೈಯನ್ನು ಕೆಳಕ್ಕೆ ಜಗ್ಗುತ್ತಿರುತ್ತದೆ.

ಅದೇ ಪೈಪಿನ ತಳಕ್ಕೆ ರಬ್ಬರ್ ಪೊರೆ ಕಟ್ಟಿ ನೀರು ಸುರಿದಿದ್ದರೆ ಇಡೀ ಮೂರಡಿ ನೀರಿನ ಭಾರ ತಳದ ಮೇಲೇ ಬೀಳುತ್ತಿತ್ತು. ನೀರು ಗೋಡೆಯನ್ನು ಪಕ್ಕಕ್ಕೆ ಒತ್ತುತ್ತದೆ, ನಿಜ. ಆದರೆ ನಿಂತ ನೀರಿಗೆ ಗೋಡೆಯನ್ನು ಹಿಡಿದುಕೊಂಡು ಜೋತುಬೀಳಲು ಬರುವುದಿಲ್ಲ. ಅಕ್ಕಿಗೆ ಬರುತ್ತದೆ. ಸಾಗರದಿಂದ ಬರುವ ಬೆಳಗಿನ ಬಸ್ಸಿನಲ್ಲಿ ನಿಂತವರ ಭಾರವೆಲ್ಲ ಅವರವರ ಕಾಲ ಮೇಲೇ ಇರುತ್ತದೆಯೇ? ಅರ್ಧ ಭಾರ ಪಕ್ಕದವರ ಹೆಗಲಿಗೆ, ಅಲ್ಲಿಂದ ಇನ್ನೊಬ್ಬರಿಗೆ, ಕೊನೆಗೆ ಕಿಟಕಿ ಪಕ್ಕದ ಕಂಬಿಗೆ ಹೋಗಿರುತ್ತದೆ. ಕಾಳಿನದೂ ಅದೇ ಬಾಳು. ಪ್ರತಿ ಕಾಳೂ ಕೆಳಗಿನ ಎರಡು ಮೂರು ಕಾಳುಗಳ ಸಂದಿನಲ್ಲಿ ಓರೆಯಾಗಿ ಕೂತಿರುತ್ತದೆ. ಕೂತದ್ದು ಕೆಳಕ್ಕೂ ಒತ್ತುತ್ತದೆ, ಪಕ್ಕಕ್ಕೂ ತಳ್ಳುತ್ತದೆ. ಪಕ್ಕದ ತಳ್ಳಾಟ ಗೋಡೆಯವರೆಗೆ ಮುಟ್ಟಿ ಕಾಳನ್ನು ಗೋಡೆಗೆ ಅದುಮುತ್ತದೆ. ಅದುಮಿದಲ್ಲಿ ಘರ್ಷಣೆ, ಘರ್ಷಣೆ ಇದ್ದಲ್ಲಿ ಗೋಡೆಯೇ ಭಾರ ಹೊರುತ್ತದೆ. ಹರಳು, ಮರಳು, ಕಾಳು, ಪುಡಿ, ಏನೇ ರಾಶಿಯಾದರೂ ಅದರ ವಿಚಿತ್ರ ನಡತೆಗಳಲ್ಲಿ ಬಹುಪಾಲು ಈ ಒಂದು ಸ್ವಭಾವದಿಂದ ಹುಟ್ಟಿದವು. ರಾಶಿಯಲ್ಲಿ ಭಾರ ನೆಟ್ಟಗೆ ಇಳಿಯುವುದಿಲ್ಲ, ಪಕ್ಕಕ್ಕೆ ಒರಗುತ್ತದೆ.

ಪೈಪಿನ ಪ್ರಯೋಗ ಹೊಸದೇನಲ್ಲ. ಜರ್ಮನಿಯ ಬ್ರೆಮೆನ್‌ನ ಎಂಜಿನಿಯರ್ ಜಾನ್ಸೆನ್ 1895ರಲ್ಲಿ ಪ್ರಕಟಿಸಿದ್ದು ಇದನ್ನೇ. ಧಾನ್ಯ ತುಂಬಲು ಎತ್ತರದ ಕಣಜ ಕಟ್ಟುತ್ತಿದ್ದ ಕಾಲವದು. ಕಣಜದ ತಳ ಎಷ್ಟು ಗಟ್ಟಿ ಇರಬೇಕು, ಗೋಡೆ ಎಷ್ಟು ದಪ್ಪ ಇರಬೇಕು ಎಂಬ ಲೆಕ್ಕ ಬೇಕಿತ್ತು. ಆತ ಮರದ ಚೌಕ ಮಾದರಿಗಳನ್ನು ಮಾಡಿ, ಗೋಡೆಯನ್ನೂ ತಳವನ್ನೂ ಬೇರ್ಪಡಿಸಿ, ತಳವನ್ನು ಮಾತ್ರ ತಕ್ಕಡಿಗೆ ಸೇರಿಸಿ ಧಾನ್ಯ ತುಂಬಿದ. ಸಿಕ್ಕ ಸೂತ್ರವನ್ನು ಇವತ್ತಿಗೂ ಎಂಜಿನಿಯರಿಂಗ್ ಕಾಲೇಜಿನಲ್ಲಿ ಕಲಿಸುತ್ತಾರೆ. ಸಾಧಾರಣ ಧಾನ್ಯಕ್ಕೆ ಅದರ ತಾತ್ಪರ್ಯ ಇಷ್ಟು: ಕಣಜ ನಾಲ್ಕು ಮೀಟರ್ ಅಗಲವಿದ್ದರೆ, ಎತ್ತರ ಹತ್ತಾಗಲಿ ಇಪ್ಪತ್ತಾಗಲಿ, ತಳಕ್ಕೆ ಬೀಳುವುದು ಐದು ಮೀಟರ್ ಎತ್ತರದ ಧಾನ್ಯದ ಭಾರದ ಆಸುಪಾಸು ಮಾತ್ರ. ಧಾನ್ಯ ಎಷ್ಟು ನುಣುಪು, ಗೋಡೆ ಎಷ್ಟು ಒರಟು ಎಂಬುದರ ಮೇಲೆ ಅಂಕಿ ಹಿಂದುಮುಂದಾಗುತ್ತದೆ. ಒಂದು ಹಂತದ ನಂತರ ಎತ್ತರ ಲೆಕ್ಕಕ್ಕೇ ಬರುವುದಿಲ್ಲ ಎಂಬುದು ಮಾತ್ರ ಬದಲಾಗದು.

ಭಾರ ತಪ್ಪಿಸಿಕೊಂಡ ತಳ ಆರಾಮಾಗಿದ್ದರೆ ಹೊತ್ತುಕೊಂಡ ಗೋಡೆಗೆ ಕಷ್ಟ. ತಗಡಿನ ದೊಡ್ಡ ಕಣಜಗಳು ಕುಸಿದರೆ ತಳ ಒಡೆದು ಕುಸಿಯುವುದು ಕಡಿಮೆ. ಗೋಡೆ ಸೊಟ್ಟಗಾಗಿ ಮಡಚಿಕೊಳ್ಳುವುದೇ ಹೆಚ್ಚು. ಅದರಲ್ಲೂ ನಡುವಿನ ಬದಲು ಒಂದು ಪಕ್ಕದ ಬಾಯಿಂದ ಧಾನ್ಯ ಇಳಿಸಿದರೆ ಆ ಪಕ್ಕದಲ್ಲಿ ಒತ್ತಡ ಕಡಿಮೆಯಾಗಿ, ಉಳಿದ ಪಕ್ಕಗಳಲ್ಲಿ ಹೆಚ್ಚಾಗಿ, ದುಂಡಗಿದ್ದದ್ದು ನುಗ್ಗಾಗುತ್ತದೆ. ಮಲೆನಾಡಿನ ಹಳೆಯ ಮನೆಗಳಲ್ಲಿ ಬಿದಿರಿನ ಕಣಜಕ್ಕೆ ಸಗಣಿ-ಮಣ್ಣು ಮೆತ್ತಿ ಭತ್ತ ತುಂಬುತ್ತಿದ್ದರು. ಆ ಹೆಣಿಗೆಯನ್ನು ನೋಡಿದರೆ ಬಿದಿರಿನ ಸೀಳುಗಳು ಕಣಜವನ್ನು ಅಡ್ಡಕ್ಕೆ ಸುತ್ತುವರಿದಿರುತ್ತವೆ. ಭತ್ತ ಹೊರಕ್ಕೆ ತಳ್ಳುವ ದಿಕ್ಕಿಗೆ ಸರಿಯಾಗಿ ಬಿದಿರು ಎಳೆತ ತಡೆಯುತ್ತದೆ. ಬಿದಿರಿನ ಶಕ್ತಿ ಇರುವುದೂ ಉದ್ದಕ್ಕೆ ಎಳೆದಾಗಲೇ. ಬಯಲುಸೀಮೆಯವರು ಇನ್ನೂ ಜಾಣರು. ನೆಲದಲ್ಲೇ ಹಗೇವು ತೋಡಿ, ಗೋಡೆಯ ಚಿಂತೆಯನ್ನು ಭೂಮಿಗೆ ಬಿಟ್ಟರು. ನಮ್ಮ ಮಳೆಗೆ ಆ ಉಪಾಯ ನಡೆಯುವುದಿಲ್ಲ.

ಈಗ ಕಣಜದ ಬಾಯಿಗೆ ಬರೋಣ. ಭದ್ರಾ ಕಾಲುವೆಯ ಭತ್ತ ಬರುವ ಅಕ್ಕಿ ಗಿರಣಿಗಳಲ್ಲಿ ಹಾಪರಿನ ಕೆಳಭಾಗವನ್ನು ಹತ್ತಿರದಿಂದ ನೋಡಿ. ಬಾಯಿಂದ ಒಂದೆರಡು ಗೇಣು ಮೇಲೆ, ಸುತ್ತಲೂ ತಗಡು ಗುಳಿಬಿದ್ದಿರುತ್ತದೆ, ಬಣ್ಣ ಎದ್ದುಹೋಗಿರುತ್ತದೆ. ಅದಕ್ಕಿಂತ ಮೇಲೆ ತಗಡು ನುಣ್ಣಗಿರುತ್ತದೆ. ಆ ಗುಳಿಗಳು ಕೊಡತಿಯ ಏಟುಗಳು. ಭತ್ತ ಕಟ್ಟಿಕೊಂಡಾಗ ಹಮಾಲರು ಎಲ್ಲೆಂದರಲ್ಲಿ ಬಡಿಯುವುದಿಲ್ಲ, ಅಲ್ಲೇ ಬಡಿಯುತ್ತಾರೆ. ಏಕೆಂದರೆ ಕಟ್ಟಿಕೊಳ್ಳುವುದು ಅಲ್ಲೇ. ಇಳಿಯುತ್ತಿದ್ದ ಕಾಳುಗಳಲ್ಲಿ ಕೆಲವು ಬಾಯಿಗೆ ಅಡ್ಡಲಾಗಿ ಒಂದಕ್ಕೊಂದು ಒರಗಿ, ಎರಡು ಕಡೆಯ ಗೋಡೆಗೆ ಕಾಲು ಕೊಟ್ಟು ಕಮಾನು ಕಟ್ಟಿಬಿಡುತ್ತವೆ. ದೇವಸ್ಥಾನದ ಕಲ್ಲಿನ ಕಮಾನಿಗೆ ಶಿಲ್ಪಿ ಬೇಕು; ಇದಕ್ಕೆ ಯಾರೂ ಬೇಡ. ಮೇಲಿನ ಭಾರ ಹೆಚ್ಚಿದಷ್ಟೂ ಕಮಾನು ಬಿಗಿಯಾಗುತ್ತದೆ, ಹಾಗಾಗಿ ಮೇಲಿನಿಂದ ಕೋಲಿನಲ್ಲಿ ಒತ್ತುವವರು ದಣಿಯುವುದು ಬಿಟ್ಟರೆ ಬೇರೆ ಪ್ರಯೋಜನವಿಲ್ಲ. ಕಮಾನಿನ ಕಾಲಿಗೆ, ಅಂದರೆ ಪಕ್ಕದ ಗೋಡೆಗೆ, ಒಂದು ಏಟು ಬಿದ್ದರೆ ಧೊಪ್ಪನೆ ಇಳಿಯುತ್ತದೆ. ಬಾಯಿ ಕಾಳಿನ ಐದಾರು ಪಟ್ಟಿಗಿಂತ ಕಿರಿದಾದರೆ ಕಮಾನು ಕಟ್ಟುವುದು ಹೆಚ್ಚುಕಡಿಮೆ ಖಾತ್ರಿ. ಹಸಿ ಭತ್ತವಾದರೆ, ಒರಟು ಸಿಪ್ಪೆಗೆ ತೇವವೂ ಸೇರಿ ಅದಕ್ಕಿಂತ ಎಷ್ಟೋ ದೊಡ್ಡ ಬಾಯಿಯೂ ಕಟ್ಟುತ್ತದೆ.

ಕಟ್ಟದೆ ಇಳಿಯುವಾಗಲೂ ಕಾಳು ನೀರಿನಂತಲ್ಲ. ತುಂಬಿದ ಟ್ಯಾಂಕಿನ ನಲ್ಲಿ ಜೋರಾಗಿ ಸುರಿಯುತ್ತದೆ, ತಳ ಕಂಡಂತೆ ಸಣ್ಣಗಾಗುತ್ತದೆ. ಹಾಪರಿನಿಂದ ಭತ್ತ ಮಾತ್ರ ತುಂಬಿದಾಗ ಎಷ್ಟೋ, ಮುಗಿಯುವ ತನಕವೂ ಅಷ್ಟೇ ಇಳಿಯುತ್ತದೆ. ಮೇಲಿನ ರಾಶಿಯ ಭಾರ ಬಾಯಿಗೆ ತಲುಪದಿದ್ದ ಮೇಲೆ ವೇಗ ಏಕೆ ಬದಲಾಗಬೇಕು? ಮರಳು ಗಡಿಯಾರ ಕೆಲಸ ಮಾಡುವುದೇ ಈ ಗುಣದಿಂದ. ಬಾಯಿಯ ಅಗಲ ಮಾತ್ರ ಬಹಳ ಮುಖ್ಯ. ನೆದರ್ಲೆಂಡ್ಸಿನ ಬೆವರ್ಲೂ ಮತ್ತು ಸಂಗಡಿಗರು ಬಗೆಬಗೆಯ ಬೀಜಗಳನ್ನು ಸುರಿದು ನೋಡಿ 1961ರಲ್ಲಿ ಪ್ರಕಟಿಸಿದ ಸೂತ್ರದಂತೆ, ಬಾಯಿ ಎರಡು ಪಟ್ಟು ಅಗಲವಾದರೆ ಹರಿವು ಐದೂವರೆ ಪಟ್ಟಿಗೂ ಹೆಚ್ಚುತ್ತದೆ. 2011ರಲ್ಲಿ ಸ್ಪೇನಿನ ಸಂಶೋಧಕರು ಇನ್ನೊಂದು ತಮಾಷೆ ಕಂಡರು. ಬಾಯಿಯ ಸ್ವಲ್ಪ ಮೇಲೆ, ಸರಿಯಾದ ಜಾಗದಲ್ಲಿ, ಒಂದು ಅಡ್ಡಿಯನ್ನು ಇಟ್ಟರೆ ಕಟ್ಟಿಕೊಳ್ಳುವುದು ನೂರರಲ್ಲಿ ಒಂದು ಪಾಲಿಗೆ ಇಳಿಯಬಹುದು. ದಾರಿಗೆ ಅಡ್ಡ ನಿಂತದ್ದೇ ದಾರಿ ಸುಗಮ ಮಾಡಿತು. ಅದು ಬಾಯಿಯ ಹತ್ತಿರದ ತಳ್ಳಾಟವನ್ನು ತಾನು ಹೊತ್ತುಕೊಳ್ಳುತ್ತದೆ.

ಒಂದು ಎಚ್ಚರಿಕೆಯನ್ನು ಇಲ್ಲೇ ಹೇಳಿಬಿಡುತ್ತೇನೆ. ಧಾನ್ಯ ಇಳಿಯುತ್ತಿರುವ ಕಣಜದೊಳಗೆ, ಕಮಾನು ಕಟ್ಟಿದ ರಾಶಿಯ ಮೇಲೆ, ಯಾರೂ ಕಾಲಿಡಬಾರದು. ಕೆಳಗೆ ಪೊಳ್ಳಾಗಿರುವುದು ಮೇಲೆ ಕಾಣುವುದಿಲ್ಲ. ಒಳಗೆ ಸಿಕ್ಕಿದವರ ಸುತ್ತ ಕಾಳುಗಳು ಒಂದಕ್ಕೊಂದು ಒರಗಿ ಬಿಗಿಯುತ್ತವೆ, ಸೊಂಟದವರೆಗೆ ಹೂತವರನ್ನು ಹಗ್ಗ ಕಟ್ಟಿ ಎಳೆದರೂ ಬರುವುದಿಲ್ಲ. ಎಳೆಯುವ ಬದಲು ಸುತ್ತಲ ಕಾಳನ್ನು ತೆಗೆದು ಬಿಡಿಸಬೇಕು.

ಇಷ್ಟೆಲ್ಲ ಭತ್ತದ ಮಾತಾಯಿತು. ನನಗೆ ಈ ವಿಷಯದಲ್ಲಿ ಎಲ್ಲಕ್ಕಿಂತ ಸ್ವಾರಸ್ಯವಾಗಿ ಕಾಣುವುದು ಭದ್ರಾವತಿಯ ಊದುಕುಲುಮೆ. 1923ರಲ್ಲಿ ಮೈಸೂರು ಕಬ್ಬಿಣದ ಕಾರ್ಖಾನೆ ಶುರುವಾದಾಗ ಸಂಸ್ಥಾನದಲ್ಲಿ ಅದಿರಿತ್ತು, ಕಲ್ಲಿದ್ದಲು ಇರಲಿಲ್ಲ. ಸರ್ ಎಂ. ವಿಶ್ವೇಶ್ವರಯ್ಯನವರ ಮುಂದಾಳ್ತನದಲ್ಲಿ ಬೆಳೆದ ಈ ಕಾರ್ಖಾನೆ ಕೆಮ್ಮಣ್ಣುಗುಂಡಿಯ ಅದಿರನ್ನು ಮಲೆನಾಡಿನ ಕಾಡಿನ ಇದ್ದಿಲಿನಲ್ಲಿ ಕರಗಿಸಿತು. ಮರವನ್ನು ಸುಮ್ಮನೆ ಸುಡದೆ ಭಟ್ಟಿ ಇಳಿಸಿ ಇದ್ದಿಲಿನ ಜೊತೆಗೆ ಡಾಂಬರು, ಮರದ ಸ್ಪಿರಿಟ್ಟುಗಳನ್ನೂ ತೆಗೆಯುತ್ತಿದ್ದರು. (ಶತಮಾನ ತುಂಬಿದ 2023ರಲ್ಲೇ ಕಾರ್ಖಾನೆ ಮುಚ್ಚುವ ಮಾತು ಬಂದು ಕಾರ್ಮಿಕರು ಬೀದಿಗಿಳಿದದ್ದು ಬೇರೆಯೇ ಬರೆಯಬೇಕಾದ ಕತೆ.)

ಊದುಕುಲುಮೆ ಎಂದೊಡನೆ ಕೆಂಪಗೆ ಹರಿಯುವ ಕಬ್ಬಿಣ ಕಣ್ಣಿಗೆ ಕಟ್ಟುತ್ತದೆ. ದ್ರವ ಇರುವುದು ತಳದಲ್ಲಿ ಸ್ವಲ್ಪ. ಅದರ ಮೇಲೆ ಇಡೀ ಕುಲುಮೆ ಗಟ್ಟಿ ಉಂಡೆಗಳ ರಾಶಿ. ಮೇಲಿನ ಬಾಯಿಂದ ಒಂದು ಪದರ ಇದ್ದಿಲು, ಒಂದು ಪದರ ಅದಿರು ಮತ್ತು ಸುಣ್ಣದಕಲ್ಲು, ಮತ್ತೆ ಇದ್ದಿಲು, ಹೀಗೆ ಸುರಿಯುತ್ತಲೇ ಇರುತ್ತಾರೆ. ಕೆಳಗಿನ ಮೂತಿಗಳಿಂದ ಕಾಸಿದ ಗಾಳಿ ಒಳಗೆ ನುಗ್ಗಿ, ಉಂಡೆಗಳ ಸಂದುಗೊಂದಿನಲ್ಲಿ ಮೇಲೇರುತ್ತದೆ. ರಾಶಿ ಗಂಟೆಗಟ್ಟಲೆ ನಿಧಾನವಾಗಿ ಕೆಳಗಿಳಿಯುತ್ತದೆ, ಅನಿಲ ಕ್ಷಣಗಳಲ್ಲಿ ಮೇಲೇರುತ್ತದೆ. ಅದಿರಿನಿಂದ ಆಮ್ಲಜನಕ ಕೀಳುವ ಕೆಲಸವೆಲ್ಲ ಈ ಎದುರುಬದುರು ಪಯಣದಲ್ಲೇ ನಡೆಯಬೇಕು. ಹಾಗಾಗಿ ಕುಲುಮೆಯ ಜೀವ ಇರುವುದು ಉಂಡೆಗಳ ನಡುವಿನ ಖಾಲಿ ಜಾಗದಲ್ಲಿ.

ಒಂದೇ ಗಾತ್ರದ ಗುಂಡುಗಳನ್ನು ಹೇಗೆಂದರೆ ಹಾಗೆ ಸುರಿದು ಕುಲುಕಿದರೆ ನೂರಕ್ಕೆ ಅರವತ್ತನಾಲ್ಕು ಪಾಲು ಜಾಗ ತುಂಬುತ್ತದೆ, ಉಳಿದದ್ದು ಖಾಲಿ. ಹಣ್ಣಿನಂಗಡಿಯವರು ಕಿತ್ತಳೆ ಪೇರಿಸುವಂತೆ ಓರಣವಾಗಿ ಜೋಡಿಸಿದರೆ ಎಪ್ಪತ್ತನಾಲ್ಕು. ಅದಕ್ಕಿಂತ ಒತ್ತಾಗಿ ಜೋಡಿಸಲಾಗದು ಎಂದು ಕೆಪ್ಲರ್ 1611ರಲ್ಲಿ ಊಹಿಸಿದ್ದನ್ನು ಥಾಮಸ್ ಹೇಲ್ಸ್ ಸಾಧಿಸಿ ತೋರಿಸಿದ್ದು 1998ರಲ್ಲಿ. ಗಾತ್ರಗಳು ಬೆರೆತರೆ ಲೆಕ್ಕ ತಲೆಕೆಳಗು. ಪುಡಿ ಸಂದುಗಳಿಗೆ ಇಳಿದು ಕೂರುತ್ತದೆ, ಗಾಳಿಗೆ ದಾರಿ ಮುಚ್ಚುತ್ತದೆ. ಆಗ ಅನಿಲ ಸಿಕ್ಕ ಒಂದು ಸೀಳಿನಲ್ಲಿ ಬುಸ್ಸೆಂದು ನುಗ್ಗಿ ಹೋಗಿಬಿಡುತ್ತದೆ, ಪಕ್ಕದ ಅದಿರು ಹಸಿಯಾಗಿಯೇ ಉಳಿಯುತ್ತದೆ. ಆದ್ದರಿಂದಲೇ ಕುಲುಮೆಗೆ ಹಾಕುವ ಮೊದಲು ಎಲ್ಲವನ್ನೂ ಜರಡಿ ಹಿಡಿಯುವುದು. ಆದರೂ ಸುರಿಯುವಾಗ ರಾಶಿ ತಾನೇ ವಿಂಗಡಿಸಿಕೊಳ್ಳುತ್ತದೆ: ದಪ್ಪ ಉಂಡೆ ಇಳಿಜಾರಿನಲ್ಲಿ ಉರುಳಿ ದೂರ ಹೋಗುತ್ತದೆ, ಪುಡಿ ಬಿದ್ದಲ್ಲೇ ಕೂರುತ್ತದೆ. ಕುಲುಮೆಯ ಬಾಯಿಗೆ ಗಂಟೆಯಾಕಾರದ ಮುಚ್ಚಳ ಇಟ್ಟು ಸರಕನ್ನು ಯಾವ ಕೋನದಲ್ಲಿ ಎಲ್ಲಿಗೆ ಬೀಳಿಸಬೇಕು ಎಂದು ಅಷ್ಟೊಂದು ತಲೆಕೆಡಿಸಿಕೊಳ್ಳುವುದು ಈ ಕಾರಣಕ್ಕೆ.

ಕುಲುಮೆಯಲ್ಲೂ ಸರಕು ಕಟ್ಟಿಕೊಳ್ಳುತ್ತದೆ. ಮೇಲೇಳುವ ಅನಿಲದ ಒತ್ತಡವೂ ಕೆಳಗಿನಿಂದ ಎತ್ತಿ ಹಿಡಿದರೆ ಇಡೀ ಪದರ ಗೋಡೆಗೆ ಒರಗಿ ನೇತಾಡುತ್ತದೆ. ಕೆಳಗಿನ ಇದ್ದಿಲು ಉರಿದು ಹೋಗುತ್ತದೆ, ಪೊಳ್ಳು ದೊಡ್ಡದಾಗುತ್ತದೆ, ಆಮೇಲೆ ಟನ್‌ಗಟ್ಟಲೆ ಸರಕು ಒಮ್ಮೆಲೇ ಕುಸಿಯುತ್ತದೆ. ಕುಸಿದಾಗ ಒಳಗಿನ ಅನಿಲ ಮೇಲಿನ ಬಾಯಿಂದ ಧೂಳು ಸಮೇತ ಚಿಮ್ಮುವುದುಂಟು. ಕೊಡತಿಯಲ್ಲಿ ಬಡಿಯುವಂಥ ಪಾತ್ರೆ ಇದಲ್ಲ. ಕುಲುಮೆ ನಡೆಸುವವರು ಗಾಳಿಯ ಜೋರನ್ನು ತಗ್ಗಿಸಿ, ಎತ್ತಿ ಹಿಡಿದ ಒತ್ತಡವನ್ನು ಇಳಿಸಿ, ಸರಕು ಮೆಲ್ಲಗೆ ಕೂರುವಂತೆ ಮಾಡುತ್ತಾರೆ.

ಊದುಕುಲುಮೆಯ ಆಕಾರವನ್ನು ಗಮನಿಸಿ. ಹಾಪರ್ ಕೆಳಗೆ ಹೋದಂತೆ ಕಿರಿದಾಗುತ್ತದೆ. ಊದುಕುಲುಮೆ ಬಹುದೂರದವರೆಗೆ ಅಗಲವಾಗುತ್ತ ಹೋಗುತ್ತದೆ, ಸರಕು ಕರಗಿ ಕುಗ್ಗುವ ಜಾಗ ಬಂದ ಮೇಲೆ ಮಾತ್ರ ಕಿರಿದಾಗುತ್ತದೆ. ಕಾದು ಹಿಗ್ಗುವ ಸರಕಿಗೆ ಗೋಡೆ ದೂರ ಸರಿದು ದಾರಿ ಬಿಡಬೇಕು, ಇಲ್ಲದಿದ್ದರೆ ಕಮಾನು. ಆದರೆ ಗೋಡೆ ತೀರಾ ಕೈಬಿಟ್ಟರೂ ಆಗದು. ಇದ್ದಿಲು, ಕಲ್ಲಿದ್ದಲಿನಿಂದ ಮಾಡುವ ಕೋಕಿನಷ್ಟು ಗಟ್ಟಿಯಲ್ಲ, ಮೇಲಿನ ಭಾರಕ್ಕೆ ನುಗ್ಗಾಗಿ ಪುಡಿಯಾಗುತ್ತದೆ, ಪುಡಿಯಾದರೆ ಗಾಳಿಗೆ ದಾರಿ ಇಲ್ಲ. ಜಗತ್ತಿನಲ್ಲಿ ಇದ್ದಿಲಿನ ಕುಲುಮೆಗಳೆಲ್ಲ ಕೋಕಿನ ಕುಲುಮೆಗಳಿಗಿಂತ ಗಿಡ್ಡವಾಗಿ ಉಳಿದದ್ದಕ್ಕೆ ಮುಖ್ಯ ಕಾರಣ ಇದೇ. ಗೋಡೆ ಒಂದಿಷ್ಟು ಭಾರ ಹೊರಲೂ ಬೇಕು, ಸರಕನ್ನು ಹಿಡಿದಿಟ್ಟುಕೊಳ್ಳಲೂ ಬಾರದು. ಈ ಎರಡರ ನಡುವಿನ ಹೊಂದಾಣಿಕೆಯನ್ನು ಕುಲುಮೆ ಕಟ್ಟುವವರು ಜಾನ್ಸೆನ್ ಹುಟ್ಟುವುದಕ್ಕೆ ಎಷ್ಟೋ ಮುಂಚೆ, ಸೂತ್ರವಿಲ್ಲದೆ, ಕಟ್ಟಿ ಕೆಡವಿ ಕಲಿತಿದ್ದರು.

ಶಿವಮೊಗ್ಗದಿಂದ ಭದ್ರಾವತಿಗೆ ಹೋಗುವ ದಾರಿಯಲ್ಲಿ ಮಾಚೇನಹಳ್ಳಿ. ಅಲ್ಲಿನ ಕೈಗಾರಿಕಾ ಪ್ರದೇಶದ ಫೌಂಡ್ರಿಗಳಂಥ ಕಡೆ ಕಬ್ಬಿಣಕ್ಕಿಂತ ಹೆಚ್ಚು ಓಡಾಡುವುದು ಮರಳು. ಎರಕಕ್ಕೆ ಬಳಸುವ ಹಸಿ ಮರಳೆಂದರೆ ಸಿಲಿಕಾ ಮರಳಿಗೆ ಬೆಂಟೊನೈಟ್ ಜೇಡಿ, ಕಲ್ಲಿದ್ದಲ ಪುಡಿ, ಮತ್ತು ನೂರಕ್ಕೆ ಮೂರು ನಾಲ್ಕು ಪಾಲು ನೀರು. ಪ್ರಯೋಗಾಲಯದಲ್ಲಿ ಯಂತ್ರವಿದ್ದರೂ ಮೋಲ್ಡರ್‌ಗಳು ಕೈಯನ್ನೇ ನಂಬುತ್ತಾರೆ. ಒಂದು ಹಿಡಿ ಮರಳು ತೆಗೆದು ಬಲವಾಗಿ ಅದುಮಿ ಬೆರಳು ಬಿಡಿಸುತ್ತಾರೆ. ಮುದ್ದೆಯ ಮೇಲೆ ಬೆರಳಿನ ಗುರುತು ಚೊಕ್ಕವಾಗಿ ಮೂಡಿರಬೇಕು, ಅಂಗೈಗೆ ಮರಳು ಅಂಟಬಾರದು. ಅಂಟಿದರೆ ನೀರು ಹೆಚ್ಚು. ಆಮೇಲೆ ಮುದ್ದೆಯನ್ನು ಎರಡು ತುಂಡು ಮಾಡಿ ಮುರಿದ ಅಂಚನ್ನು ನೋಡುತ್ತಾರೆ. ಅಂಚು ಉದುರಿದರೆ ನೀರೋ ಜೇಡಿಯೋ ಸಾಲದು.

ನೀರು ಮಾಡುವ ಕೆಲಸ ಇಷ್ಟೇ. ಎರಡು ಹರಳು ತಾಗುವ ಜಾಗದಲ್ಲಿ ಒಂದು ಸಣ್ಣ ನೀರಿನ ಸೇತುವೆ ನಿಲ್ಲುತ್ತದೆ, ಅದರ ಮೇಲ್ಮೈ ಎಳೆತ ಎರಡನ್ನೂ ಹತ್ತಿರಕ್ಕೆ ಜಗ್ಗುತ್ತದೆ. ಒಣ ಹರಳುಗಳಿಗೆ ಒಂದನ್ನೊಂದು ತಳ್ಳುವುದು ಮಾತ್ರ ಗೊತ್ತು, ಎಳೆದುಕೊಳ್ಳುವುದು ಗೊತ್ತಿಲ್ಲ. ಹಾಗಾಗಿ ಒಣ ಮರಳನ್ನು ಎಷ್ಟು ನಾಜೂಕಾಗಿ ಸುರಿದರೂ ಮೂವತ್ತು, ಮೂವತ್ತೈದು ಡಿಗ್ರಿಗಿಂತ ಕಡಿದಾದ ಗುಡ್ಡೆ ನಿಲ್ಲುವುದಿಲ್ಲ. ಹಸಿ ಮರಳಿನಲ್ಲಿ ನೆಟ್ಟಗೆ ಗೋಡೆ ಕೆತ್ತಬಹುದು. ನೀರು ಇನ್ನೂ ಹೆಚ್ಚಾಗಿ ಸಂದುಗಳೆಲ್ಲ ತುಂಬಿದರೆ ಸೇತುವೆಗಳೇ ಮಾಯವಾಗಿ ಮರಳು ಕೆಸರಾಗುತ್ತದೆ. ಫೌಂಡ್ರಿಯಲ್ಲಿ ಅದರ ಜೊತೆಗೆ ಆವಿಯ ಭಯವೂ ಇದೆ.

ಮೋಲ್ಡಿಂಗ್ ಬಾಕ್ಸಿಗೆ ಮರಳು ತುಂಬಿ ಗಟ್ಟಿಮಾಡುವಾಗ ಪಕ್ಕಕ್ಕೆ ಒರಗುವ ಭಾರ ಮತ್ತೆ ಎದುರಾಗುತ್ತದೆ. ಪೂರ್ತಿ ಬಾಕ್ಸನ್ನು ಒಮ್ಮೆಲೇ ತುಂಬಿ ಮೇಲಿನಿಂದ ಕುಟ್ಟಿದರೆ ಏಟು ಅಚ್ಚು ಮೂಡಿಸಲು ಕೆಳಗಿಟ್ಟ ಪ್ಯಾಟರ್ನ್‌ವರೆಗೆ ತಲುಪುವುದಿಲ್ಲ, ಬಾಕ್ಸಿನ ಗೋಡೆ ನುಂಗಿಬಿಡುತ್ತದೆ. ಮೇಲೆ ಕಲ್ಲಿನಂತಾದರೂ, ಕಬ್ಬಿಣ ತಾಗುವ ಕೆಳಭಾಗ ಸಡಿಲ. ಅದಕ್ಕೇ ಕೈಕೆಲಸದವರು ಪದರ ಪದರವಾಗಿ ತುಂಬಿ ಕುಟ್ಟುತ್ತಾರೆ. ಯಂತ್ರಗಳಲ್ಲಿ ಎರಡು ಉಪಾಯ ಸೇರಿಸಿದ್ದಾರೆ. ಮೊದಲು ಬಾಕ್ಸನ್ನು ಎತ್ತಿ ಎತ್ತಿ ಕುಕ್ಕುತ್ತದೆ. ಆಗ ಮರಳು ತನ್ನದೇ ಭಾರಕ್ಕೆ ಕೆಳಗಡೆ ಹೆಚ್ಚು ಗಟ್ಟಿಯಾಗುತ್ತದೆ. ಆಮೇಲೆ ಮೇಲಿನಿಂದ ಒತ್ತುತ್ತದೆ. ಆಗ ಮೇಲುಭಾಗ ಗಟ್ಟಿಯಾಗುತ್ತದೆ. ಕರಗಿದ ಕಬ್ಬಿಣ ಬಂದಾಗ ಅದು ಶುದ್ಧ ದ್ರವದಂತೆ ನಡೆದುಕೊಳ್ಳುತ್ತದೆ, ನೀರಿನ ಏಳು ಪಟ್ಟು ತೂಕದಲ್ಲಿ ಎಲ್ಲ ದಿಕ್ಕಿಗೂ ಒತ್ತುತ್ತದೆ. ಮೇಲಿನ ಬಾಕ್ಸನ್ನು ಎತ್ತಿಯೂ ಬಿಡಬಲ್ಲದು, ಅದಕ್ಕೇ ಅದರ ಮೇಲೆ ಬೀಡಿನ ತೂಕ ಹೇರುತ್ತಾರೆ ಅಥವಾ ಕ್ಲಾಂಪ್ ಹಾಕುತ್ತಾರೆ. ಪಕ್ಕದ ಮರಳು ಮಾತ್ರ ತನ್ನ ಪಾಲಿನ ಒತ್ತಡವನ್ನು ಹರಳಿಂದ ಹರಳಿಗೆ ದಾಟಿಸಿ ಬಾಕ್ಸಿನ ಗೋಡೆಗೆ ಒಪ್ಪಿಸಿ ನಿಲ್ಲುತ್ತದೆ.

ಮನೆ ಕಟ್ಟಿಸುವವರಿಗೆ ಉಪಯೋಗಕ್ಕೆ ಬರುವ ಒಂದು ಮಾತು. ಮರಳನ್ನು ಲೋಡ್ ಲೆಕ್ಕದಲ್ಲಿ ಕೊಳ್ಳುವವರು ಅದು ಒಣಗಿದೆಯೋ ತೇವವಾಗಿದೆಯೋ ನೋಡಬೇಕು. ನೂರಕ್ಕೆ ಐದಾರು ಪಾಲು ತೇವವಿರುವ ಮರಳು ಒಣ ಮರಳಿಗಿಂತ ನೂರಕ್ಕೆ ಇಪ್ಪತ್ತು, ಮೂವತ್ತು ಪಾಲು ಹೆಚ್ಚು ಜಾಗ ತುಂಬುತ್ತದೆ. ಸಣ್ಣ ಮರಳಾದರೆ ಇನ್ನೂ ಹೆಚ್ಚು. ನೀರಿನ ಸೇತುವೆಗಳು ಹರಳುಗಳನ್ನು ಸಿಕ್ಕಸಿಕ್ಕ ಭಂಗಿಯಲ್ಲಿ ಹಿಡಿದು ನಿಲ್ಲಿಸುವುದರಿಂದ ಅವು ಜಾರಿ ಒತ್ತಾಗಿ ಕೂರುವುದಿಲ್ಲ. ಲಾರಿ ತುಂಬಿರುತ್ತದೆ, ಮರಳು ಕಡಿಮೆ ಇರುತ್ತದೆ. ಪರೀಕ್ಷೆ ಸುಲಭ. ಗಾಜಿನ ಜಾಡಿಯಲ್ಲಿ ಆ ಮರಳು ತುಂಬಿ ಮಟ್ಟ ಗುರುತು ಮಾಡಿ, ಅದನ್ನು ಹೊರಗೆ ಸುರಿದುಕೊಂಡು, ಜಾಡಿಯಲ್ಲಿ ಅರ್ಧ ನೀರು ಹಾಕಿ, ಮರಳನ್ನು ವಾಪಸ್ ಸುರಿದು ಕಲಕಿ ಬಿಡಿ. ಪೂರ್ತಿ ಮುಳುಗಿದ ಮರಳು ಒಣ ಮರಳಿನಷ್ಟೇ ಜಾಗಕ್ಕೆ ಇಳಿಯುತ್ತದೆ. ಇಳಿದ ಅಂತರವೇ ನೀವು ಗಾಳಿಗೆ ಕೊಟ್ಟ ದುಡ್ಡು. ಇದಕ್ಕೆ ಮರಳು ಮಾರುವವರನ್ನು ಬೈದು ಪ್ರಯೋಜನವಿಲ್ಲ; ಹೊಳೆಯಿಂದ ಎತ್ತಿದ ಮರಳು ತೇವವಿಲ್ಲದೆ ಇರುವುದಾದರೂ ಹೇಗೆ? ತೂಕದ ಲೆಕ್ಕದಲ್ಲಿ ಕೊಂಡರೆ ಮೋಸ ಇಷ್ಟಾಗದು.

ಹೊಳೆ ಮರಳಿನ ಜಾಗಕ್ಕೆ ಎಂ-ಸ್ಯಾಂಡ್ ಬಂದಾಗ ಗಾರೆ ಕೆಲಸದವರು ಕರಣೆಗೆ ಸರಾಗವಾಗಿ ಓಡುವುದಿಲ್ಲ ಎಂದು ಗೊಣಗಿದ್ದೂ ಸುಮ್ಮನೆ ಅಲ್ಲ. ತುಂಗೆ, ಭದ್ರೆಯರು ಕೂಡ್ಲಿಯವರೆಗೆ ಉರುಳಿಸಿ ತಂದ ಹರಳಿನ ಮೂಲೆಗಳು ಸವೆದಿರುತ್ತವೆ. ಕ್ರಷರಿನಲ್ಲಿ ಒಡೆದದ್ದಕ್ಕೆ ಮೂಲೆಗಳು ಹಾಗೇ ಇರುತ್ತವೆ, ಒಂದಕ್ಕೊಂದು ಸಿಕ್ಕಿಕೊಳ್ಳುತ್ತವೆ. ಅದೇ ಗುಣ ಗಟ್ಟಿಯಾದ ಮೇಲೆ ಕಾಂಕ್ರೀಟಿಗೆ ಒಳ್ಳೆಯದು ಎಂಬುದು ಬೇರೆ ಮಾತು.

ಹೊಳೆಯ ದಂಡೆಯಲ್ಲಿ ಒದ್ದೆ ಮರಳ ಮೇಲೆ ಕಾಲಿಟ್ಟರೆ ಪಾದದ ಸುತ್ತ ಮರಳು ಒಣಗಿದಂತೆ ಬೆಳ್ಳಗಾಗುವುದನ್ನು ಎಲ್ಲರೂ ಕಂಡಿದ್ದೇವೆ. ತುಳಿದರೆ ನೀರು ಮೇಲೆ ಬರಬೇಕಲ್ಲ, ಕೆಳಗೆ ಏಕೆ ಹೋಗುತ್ತದೆ? ಆಸ್ಬರ್ನ್ ರೆನಾಲ್ಡ್ಸ್ 1885ರಲ್ಲಿ ಕೊಟ್ಟ ಉತ್ತರ: ಒತ್ತಾಗಿ ಕೂತ ಹರಳುಗಳು ಸರಿದಾಡಬೇಕಾದರೆ ಒಂದರ ಮೇಲೊಂದು ಹತ್ತಿ ಇಳಿಯಬೇಕು, ಅಂದರೆ ರಾಶಿ ಹಿಗ್ಗಲೇಬೇಕು. ಹಿಗ್ಗಿದ ಸಂದುಗಳಿಗೆ ಮೇಲಿನ ನೀರು ಇಳಿದುಹೋಗುತ್ತದೆ. ಆತ ಗುಂಡು ಮತ್ತು ನೀರು ತುಂಬಿದ ರಬ್ಬರ್ ಚೀಲವನ್ನು ಹಿಂಡಿ, ಅದಕ್ಕೆ ಸಿಕ್ಕಿಸಿದ ಕೊಳವೆಯಲ್ಲಿ ನೀರು ಏರುವ ಬದಲು ಇಳಿಯುವುದನ್ನು ತೋರಿಸಿದ. ಈ ಹಿಗ್ಗುವಿಕೆಯನ್ನು ನೆನಪಿಟ್ಟುಕೊಳ್ಳಿ, ಕೊನೆಗೆ ಬೇಕಾಗುತ್ತದೆ.

ರಾಶಿಯ ಮಾತು ಬಂದರೆ ಭೌತವಿಜ್ಞಾನಿಗಳು ಪೆರ್ ಬಾಕ್ ಮತ್ತು ಸಂಗಡಿಗರ 1987ರ ಮರಳ ರಾಶಿಯ ಮಾದರಿಯನ್ನು ನೆನೆಯುತ್ತಾರೆ. ಒಂದೊಂದೇ ಹರಳು ಬೀಳಿಸುತ್ತ ಹೋದರೆ ರಾಶಿ ತಾನಾಗಿಯೇ ಒಂದು ನಾಜೂಕು ಸ್ಥಿತಿಗೆ ಬಂದು ನಿಲ್ಲುತ್ತದೆ. ಮುಂದಿನ ಹರಳು ಒಂದನ್ನೇ ಉರುಳಿಸಬಹುದು, ಅರ್ಧ ರಾಶಿಯನ್ನೂ ಕುಸಿಸಬಹುದು. ಈ ಮಾದರಿಯ ಗಣಿತವನ್ನು 1990ರಲ್ಲಿ ಬಿಡಿಸಿ ತೋರಿಸಿದವರು ದೀಪಕ್ ಧರ್. 2022ರಲ್ಲಿ ಬೋಲ್ಟ್ಸ್‌ಮನ್ ಪದಕ ಪಡೆದ ಮೊದಲ ಭಾರತೀಯ ಅವರು. ವಿಚಿತ್ರವೆಂದರೆ ನಿಜವಾದ ಮರಳು ಈ ಮರಳಿನ ಮಾದರಿಗೆ ಸರಿಯಾಗಿ ಒಗ್ಗಲಿಲ್ಲ. ಒಗ್ಗಿದ್ದು ಅಕ್ಕಿ. ನಾರ್ವೆಯ ಆಸ್ಲೋದಲ್ಲಿ 1996ರಲ್ಲಿ ಅಕ್ಕಿಯ ರಾಶಿಗಳನ್ನು ಕುಸಿಸಿ ನೋಡಿದಾಗ ಉದ್ದ ಕಾಳಿನ ಅಕ್ಕಿ ಮಾದರಿಯಂತೆ ನಡೆದುಕೊಂಡಿತು, ಗಿಡ್ಡ ಕಾಳಿನದು ನಡೆದುಕೊಳ್ಳಲಿಲ್ಲ. ನಮ್ಮ ದಪ್ಪಕ್ಕಿಯ ಗಂಜಿ ಕುಡಿದು ಬೆಳೆದವರಿಗೆ ಇದರಿಂದ ಸ್ವಲ್ಪ ಬೇಸರವಾದೀತು.

ಕರ್ನಾಟಕದಲ್ಲಿ ಈ ವಿದ್ಯೆಯ ಗಟ್ಟಿ ಕೆಲಸ ನಡೆದಿರುವುದು ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ. ಅಲ್ಲಿನ ಕೆಮಿಕಲ್ ಎಂಜಿನಿಯರಿಂಗ್ ವಿಭಾಗದ ಕೆ. ಕೇಶವ ರಾವ್ ಮತ್ತು ಪ್ರಭು ನಾಟ್ 2008ರಲ್ಲಿ ಕಾಳು-ಹರಳುಗಳ ಹರಿವಿನ ಬಗ್ಗೆ ಬರೆದ ಪಠ್ಯಪುಸ್ತಕವನ್ನು ಕೇಂಬ್ರಿಜ್ ವಿಶ್ವವಿದ್ಯಾಲಯ ಪ್ರೆಸ್ ಪ್ರಕಟಿಸಿದೆ. 2012ರಲ್ಲಿ ನಾಟ್ ಮತ್ತು ಅವರ ವಿದ್ಯಾರ್ಥಿಗಳು ಜಾನ್ಸೆನ್ನನ ಕಣಜಕ್ಕೇ ಒಂದು ಹೊಸ ಪ್ರಶ್ನೆ ಹಾಕಿದರು. ಒಂದರೊಳಗೊಂದು ಇಟ್ಟ ಎರಡು ಉರುಳೆಗಳ ನಡುವೆ ಹರಳು ತುಂಬಿ, ಒಳಗಿನದನ್ನು ನಿಧಾನವಾಗಿ ತಿರುಗಿಸಿ, ಹೊರಗಿನ ಗೋಡೆಯ ಮೇಲಿನ ಬಲಗಳನ್ನು ಅಳೆದರು. ಸುಮ್ಮನಿದ್ದಾಗ ಎಲ್ಲವೂ ಜಾನ್ಸೆನ್ ಹೇಳಿದಂತೆಯೇ: ಗೋಡೆ ಭಾರ ಹೊರುತ್ತಿತ್ತು, ಆಳದಲ್ಲಿ ಒತ್ತಡ ಏರದೆ ನಿಂತಿತ್ತು. ತಿರುಗಿಸಲು ಶುರುಮಾಡಿದೊಡನೆ ಗೋಡೆಯ ಲಂಬ ಘರ್ಷಣೆಯ ದಿಕ್ಕು ತಿರುವುಮುರುವಾಯಿತು. ಎತ್ತಿ ಹಿಡಿಯುತ್ತಿದ್ದ ಗೋಡೆ ಈಗ ಹರಳುಗಳನ್ನು ಕೆಳಕ್ಕೆ ಒತ್ತುತ್ತಿತ್ತು. ಆಳಕ್ಕೆ ಹೋದಂತೆ ಒತ್ತಡ ಚಕ್ರಬಡ್ಡಿಯ ವೇಗದಲ್ಲಿ ಏರಿತು, ನೀರಿಗಿಂತಲೂ ಜೋರಾಗಿ.

ಕಾರಣ ಸಿಕ್ಕಿದ್ದು 2016ರಲ್ಲಿ, ಕೃಷ್ಣರಾಜ್ ಮತ್ತು ನಾಟ್ ಪ್ರಕಟಿಸಿದ ಪ್ರಬಂಧದಲ್ಲಿ. ತಿರುಗುವ ಉರುಳೆಯ ಹತ್ತಿರದ ಹರಳುಗಳು ಸರಿದಾಡಲು ಹಿಗ್ಗುತ್ತವೆ, ರೆನಾಲ್ಡ್ಸ್ ಹೇಳಿದ ಹಾಗೆ. ಹಿಗ್ಗಿದ್ದಕ್ಕೆ ಗುರುತ್ವವೂ ಸೇರಿ ಇಡೀ ರಾಶಿಯಲ್ಲಿ ಮೇಲಿನಿಂದ ಕೆಳಗಿನವರೆಗೆ ಒಂದೇ ಒಂದು ನಿಧಾನದ ಸುಳಿ ಏಳುತ್ತದೆ, ಆ ಸುಳಿ ಗೋಡೆಯ ಪಕ್ಕದ ಹರಳುಗಳನ್ನು ಮೇಲಕ್ಕೆ ಒಯ್ಯುತ್ತದೆ. ಏರುವ ಹರಳಿಗೆ ಘರ್ಷಣೆ ಎದುರಾಗುವುದು ಮೇಲಿನಿಂದ. ಹಾಗಾಗಿ ತುಂಬಿ ಸುಮ್ಮನೆ ನಿಲ್ಲಿಸುವ ಕಣಜಕ್ಕೆ 1895ರ ಲೆಕ್ಕ ಇವತ್ತಿಗೂ ಸಾಕು. ಒಳಗೆ ತಿರುಗುವ ದಂಡ, ಸ್ಕ್ರೂ, ಕಲಕುವ ಅಲಗು ಇಟ್ಟ ಪಾತ್ರೆಯ ತಳಕ್ಕೂ ಗೋಡೆಗೂ ತಗಡಿನ ದಪ್ಪ ಗೊತ್ತುಮಾಡುವವರು ಮಾತ್ರ ಆ ಸೂತ್ರವನ್ನು ಹಾಗೇ ಎತ್ತಿಕೊಳ್ಳುವಂತಿಲ್ಲ. ಅಲ್ಲಿ ಗೋಡೆ ಯಾವ ದಿಕ್ಕಿಗೆ ಜಗ್ಗುತ್ತಿದೆ ಎಂದು ಮೊದಲು ಅಳೆದು ನೋಡಬೇಕು.